ನುಡಿನೆಲೆ: ಕಕುದ್ಮಂತ

ಸಂಜೆ ದೀಪ ಹಚ್ಚುವ ಹೊತ್ತಿಗೆ ಮಕ್ಕಳಿಂದ ರಾಮರಕ್ಷಾ ಸ್ತೋತ್ರವನ್ನು ಹೇಳಿಸುವ ಪದ್ಧತಿ ನಮ್ಮ ಮರಾಠಿ ನೆರೆಹೊರೆಯ ಅನೇಕ ಮನೆಗಳಲ್ಲಿ ಇಂದಿಗೂ ಉಳಿದಿದೆ. ಪಕ್ಕದ ಮನೆಯ ಹುಡುಗರ ಜೊತೆಯಲ್ಲಿ ಕುಳಿತು ನಮ್ಮ ಮೊಮ್ಮಗನೂ ಅದನ್ನು ಕಲಿತುಬಿಟ್ಟಿದ್ದಾನೆ. ಅರ್ಥ ಕೇಳಿ ಪೀಡಿಸುವ ವಯಸ್ಸು ಅವನದು. ಒಂದು ಸಂಜೆ ಓಡಿ ಬಂದವನೇ, "ಮುತ್ಯಾ, ರಾಮಗ ಕಾಕುತ್ಸ್ಥ ಅಂತಾರಲ್ಲ, ಹಂಗಂದ್ರ ಏನು? ಅವಗ ಕಾಕಾ ಇದ್ದನೇನು?" ಎಂದು ಕೇಳಿದ. ನಗು ಬಂದರೂ ತಡೆದುಕೊಂಡೆ. ಪದವನ್ನು ಒಡೆದು ನೋಡಬೇಕೆಂಬ ಹಂಬಲ ಅವನಲ್ಲಿ ಇದೆಯಲ್ಲ, ಒಡೆದ ಜಾಗ ತಪ್ಪಿದರೇನಂತೆ?

ಈ ಮಾತಿನ ಅರ್ಥವನ್ನು ಬಾಯಿಂದ ಹೇಳುವುದಕ್ಕಿಂತ ಕಣ್ಣಿಗೆ ತೋರಿಸುವುದು ಲೇಸೆಂದು ಅವನ ಕೈಹಿಡಿದು ನೆರೆಯವರ ದನದ ಕೊಟ್ಟಿಗೆಗೆ ಕರೆದೊಯ್ದೆ. ಅಲ್ಲಿ ಅವರ ದೇವಣಿ ಹೋರಿ ಮೇವು ಮೆಲ್ಲುತ್ತ ನಿಂತಿತ್ತು. ಕತ್ತಿಗೂ ಬೆನ್ನಿಗೂ ನಡುವೆ, ಹೆಗಲಿನ ಮೇಲೆ ಮುಷ್ಟಿ ಬಿಗಿದಂತೆ ಎದ್ದು ನಿಂತ ಆ ಅಂಗವನ್ನು ತೋರಿಸಿ, "ಇದಕ್ಕೇನಂತಾರ ಹೇಳು" ಎಂದೆ. "ವಶಿಂಡ" ಎಂದ. ಅದು ಮರಾಠಿ. ತಪ್ಪಲ್ಲ, ಒಳ್ಳೆಯ ಮಾತೇ. "ನಮ್ಮ ಮಾತಿನ್ಯಾಗ?" ಎಂದು ಕೇಳಿದಾಗ ಸ್ವಲ್ಪ ಹೊತ್ತು ಯೋಚಿಸಿ, "ಡುಬ್ಬ" ಎಂದ. ಗೋಡೆಯ ಆಚೆಯಿಂದ ನಮ್ಮ ಸಂಭಾಷಣೆಯನ್ನು ಕೇಳುತ್ತಿದ್ದ ಅವನ ಅಜ್ಜಿ, "ಡುಬ್ಬ ಅಂದ್ರ ಬೆನ್ನಪಾ. ಅದಕ್ಕ ಇಣಿ ಅನಬೇಕು" ಎಂದು ತಿದ್ದಿದಳು.

ಇಣಿ ಎಂಬ ಮಾತನ್ನು ಕೇಳಿ ಎಷ್ಟು ವರ್ಷವಾಗಿತ್ತೋ! ನನ್ನ ನಾಲಗೆಯ ಮೇಲೂ ಅದು ಸುಳಿದಿರಲಿಲ್ಲ. ಗ್ರಾಂಥಿಕ ಕನ್ನಡದಲ್ಲಿ ಇದಕ್ಕೆ ಇಣಿಲು, ಹಿಣಿಲು ಎಂಬ ರೂಪಗಳಿವೆ. ದಕ್ಷಿಣದ ಜಿಲ್ಲೆಗಳ ಒಕ್ಕಲಿಗರು ತಮ್ಮ ಹಳ್ಳಿಕಾರ್ ಎತ್ತುಗಳನ್ನು ವರ್ಣಿಸುವಾಗ ಹಿಣಿಲು ಎಂಬುದನ್ನು ಈಗಲೂ ಬಳಸುತ್ತಾರೆ. ತಮಿಳಿನಲ್ಲಿ ಇದೇ ಅಂಗಕ್ಕೆ ಇಮಿಲ್ ಎಂದು ಹೆಸರು. ಅಲ್ಲಿಯ ಜಲ್ಲಿಕಟ್ಟಿನ ಆಟದಲ್ಲಿ ಗೂಳಿಯ ಕೊಂಬನ್ನೂ ಬಾಲವನ್ನೂ ಬಿಟ್ಟು ಈ ಇಮಿಲನ್ನು ಮಾತ್ರ ಅಪ್ಪಿ ಹಿಡಿಯಬೇಕೆಂಬುದು ನಿಯಮ.

ಒಂದು ಅಂಗಕ್ಕೆ ಇರುವ ಹೆಸರು ಮರೆತರೆ ಆಗುವ ನಷ್ಟವಾದರೂ ಏನು ಎಂದು ಕೆಲವರು ಕೇಳಬಹುದು. ಹೋದ ವರ್ಷ ನಮ್ಮ ಓಣಿಯಲ್ಲಿಯೇ ನಡೆದ ಸಂಗತಿಯೊಂದನ್ನು ಹೇಳುತ್ತೇನೆ. ಪರಿಚಿತರೊಬ್ಬರ ಎತ್ತಿಗೆ ಇಣಿಯ ಬುಡದಲ್ಲಿ, ನೊಗ ಕೂಡುವ ಜಾಗದಲ್ಲಿ, ಬಾವು ಬಂದಿತು. ಬೀದರ ಕಡೆಯ ಪರಿಚಯದ ದನದ ವೈದ್ಯರೊಬ್ಬರಿಗೆ ಫೋನಿನಲ್ಲಿ ಕನ್ನಡದಲ್ಲಿಯೇ ವಿವರಿಸಿದರು: "ಎತ್ತಿನ ಡುಬ್ಬದ ಮ್ಯಾಲ ಬಾವು ಬಂದೈತ್ರೀ." ವೈದ್ಯರು ಡುಬ್ಬವೆಂದರೆ ಬೆನ್ನು ಎಂದು ತಿಳಿದರು, ನಮ್ಮ ಕಡೆಯ ಮಾತಿನಲ್ಲಿ ಅದು ಸರಿಯಾದ ಅರ್ಥವೇ. ಏನೋ ಹೊಡೆತ ಬಿದ್ದಿರಬೇಕೆಂದು ಹಚ್ಚಲು ಮುಲಾಮು ಹೇಳಿದರು. ಬೆನ್ನಿನ ಗಾಯವಾಗಿದ್ದರೆ ಎತ್ತು ನೊಗ ಹೊರುವುದಕ್ಕೆ ಅಡ್ಡಿಯಿಲ್ಲವೆಂದು ಇವರು ಭಾವಿಸಿ ಮತ್ತೆ ಎರಡು ದಿನ ಅದನ್ನು ಹೂಡಿದರು. ಮೂರನೆಯ ದಿನ ಬಾವು ಒಡೆದು ಹುಣ್ಣಾಯಿತು. ಆ ಬಿತ್ತನೆಯ ಹಂಗಾಮಿನಲ್ಲಿ ಎತ್ತು ಮತ್ತೆ ಹೆಗಲು ಕೊಡಲಿಲ್ಲ. ಇಣಿ ಎಂದಿದ್ದರೆ ವೈದ್ಯರು ಮೊದಲ ಮಾತಿಗೇ "ನೊಗ ಕಟ್ಟಬ್ಯಾಡ್ರಿ" ಎಂದಿರುತ್ತಿದ್ದರು. ಇಲ್ಲಿ ಯಾರದೂ ತಪ್ಪಿಲ್ಲ. ಎರಡು ಅಂಗಗಳಿಗೆ ಒಂದೇ ಹೆಸರು ಉಳಿದುಕೊಂಡಿತ್ತು, ಅಷ್ಟೆ.

ಇನ್ನು ಹುಡುಗನ ಪ್ರಶ್ನೆಗೆ ಬರೋಣ. ಇಣಿಗೆ ಸಂಸ್ಕೃತದಲ್ಲಿ ಕಕುದ್ ಅಥವಾ ಕಕುದ ಎಂದು ಹೆಸರು. ಕಕುದ ಉಳ್ಳದ್ದು ಕಕುದ್ಮತ್. ಶ್ರೀ ಉಳ್ಳವನು ಶ್ರೀಮಂತ, ಬುದ್ಧಿ ಉಳ್ಳವನು ಬುದ್ಧಿಮಂತ ಎಂದು ನಾವು ಕನ್ನಡದಲ್ಲಿ ಹೇಳುವ ರೀತಿಯಲ್ಲಿಯೇ ಇಣಿ ಉಳ್ಳ ಹೋರಿಯನ್ನು ಕಕುದ್ಮಂತ ಎನ್ನಬಹುದು. ಶ್ರೀಮಂತರನ್ನು ದಿನವೂ ನೆನೆಯುವ ನಾವು ಕಕುದ್ಮಂತನನ್ನು ಮರೆತೆವು. ಪುರಾಣ ಪ್ರವಚನದ ಹೊರತು ಈ ವಿಶೇಷಣವು ಕಿವಿಗೆ ಬೀಳುವುದು ಅಪರೂಪ. ಆದರೆ ಒಂದು ಕಾಲಕ್ಕೆ ಇದು ಎಷ್ಟು ಜೀವಂತವಾದ ಮಾತಾಗಿತ್ತೆಂಬುದು ಪಾಣಿನಿಯ ವ್ಯಾಕರಣವನ್ನು ತೆರೆದರೆ ತಿಳಿಯುತ್ತದೆ.

ಅಷ್ಟಾಧ್ಯಾಯಿಯ 5ನೆಯ ಅಧ್ಯಾಯದ 4ನೆಯ ಪಾದದಲ್ಲಿ 146ನೆಯ ಸೂತ್ರವು ಬರಿಯ ಕಕುದ ಶಬ್ದಕ್ಕಾಗಿಯೇ ಮೀಸಲಾಗಿದೆ. ಕಕುದ ಎಂಬುದು ಸಮಾಸದ ಕೊನೆಯಲ್ಲಿ ಬಂದು, ಆ ಸಮಾಸವು ಪ್ರಾಣಿಯ ವಯಸ್ಸು ಮೊದಲಾದ ಅವಸ್ಥೆಯನ್ನು ಸೂಚಿಸಿದರೆ, ಕೊನೆಯ ಅಕಾರವು ಲೋಪವಾಗುತ್ತದೆಂಬುದು ಅದರ ತಾತ್ಪರ್ಯ. ಸುಮಾರು 7ನೆಯ ಶತಮಾನದ ಕಾಶಿಕಾ ವೃತ್ತಿಯು ಇದಕ್ಕೆ ಕೊಡುವ ಉದಾಹರಣೆಗಳನ್ನು ಓದಿದಾಗ, ವ್ಯಾಕರಣದ ಪಾಠಶಾಲೆಯಲ್ಲಿ ಕುಳಿತಿದ್ದೇವೆಯೋ ದನದ ಸಂತೆಯಲ್ಲಿ ನಿಂತಿದ್ದೇವೆಯೋ ಎಂದು ಸಂದೇಹವಾಗುತ್ತದೆ. ಇಣಿ ಇನ್ನೂ ಮೂಡದ ಕರು ಅಸಂಜಾತಕಕುತ್. ಇಣಿ ತುಂಬಿ ಬಂದ ನಡುವಯಸ್ಸಿನದು ಪೂರ್ಣಕಕುತ್. ಇಣಿ ಎತ್ತರವಾಗಿ ಎದ್ದ, ವಯಸ್ಸು ಮಾಗಿದ ಎತ್ತು ಉನ್ನತಕಕುತ್. ದಪ್ಪ ಇಣಿಯ ಬಲಶಾಲಿ ಸ್ಥೂಲಕಕುತ್. ಅತಿ ದಪ್ಪವೂ ಅಲ್ಲದ, ಅತಿ ಬಡಕಲೂ ಅಲ್ಲದ್ದು ಯಷ್ಟಿಕಕುತ್. ಅವಸ್ಥೆಯನ್ನು ಹೇಳದೆ ಬಣ್ಣವನ್ನು ಮಾತ್ರ ಹೇಳಿದರೆ ಅಕಾರವು ಹಾಗೆಯೇ ನಿಲ್ಲುತ್ತದೆ: ಬಿಳಿಯ ಇಣಿಯದು ಶ್ವೇತಕಕುದ, ಶ್ವೇತಕಕುತ್ ಅಲ್ಲ. ಬಣ್ಣ ಬೇರೆ, ವಯಸ್ಸು ಬೇರೆ. ಆ ಭೇದವನ್ನು ಒಂದು ಸ್ವರದ ಮೇಲೆ ನಿಲ್ಲಿಸಿದ ಆ ಜನರು ದನಗಳನ್ನು ಎಷ್ಟು ಹತ್ತಿರದಿಂದ ನೋಡಿರಬೇಕು!

ಇನ್ನೂ ಒಂದು ಸ್ವಾರಸ್ಯವಿದೆ. ಅದೇ ಪಾದದಲ್ಲಿ ಐದು ಸೂತ್ರಗಳಷ್ಟು ಹಿಂದೆ ಹೋದರೆ ಹಲ್ಲಿನ ವಿಷಯ ಬರುತ್ತದೆ. ವಯಸ್ಸನ್ನು ಹೇಳುವಾಗ ದಂತ ಎಂಬ ಶಬ್ದವು ದತ್ ಎಂದು ಮಾರ್ಪಡುತ್ತದೆ. ಎರಡು ಹಲ್ಲಿನದು ದ್ವಿದನ್, ನಾಲ್ಕು ಹಲ್ಲಿನದು ಚತುರ್ದನ್, ಆರು ಹಲ್ಲಿನದು ಷೋಡನ್. ಉದಗೀರ ತಾಲೂಕಿನ ಹಾಳಿ-ಹಂಡರಗುಳಿಯ ದನದ ಸಂತೆಗೆ ಹೋದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ದಲಾಲಿಯು ಹೋರಿಯ ತುಟಿಯನ್ನು ಎತ್ತಿ ಹಲ್ಲು ಎಣಿಸಿ ಅದತ, ದೋನದಾತಿ, ಚಾರದಾತಿ ಎಂದು ಮರಾಠಿಯಲ್ಲಿ ಕೂಗುತ್ತಾನೆ. ಕನ್ನಡದ ರೈತ ಎರಡು ಹಲ್ಲು, ನಾಲ್ಕು ಹಲ್ಲು, ಬಾಯಿಗೂಡಿದ್ದು ಎನ್ನುತ್ತಾನೆ. ಹಾಲುಹಲ್ಲು ಬಿದ್ದು ಮುಂದಿನ ಹಲ್ಲುಗಳು ಜೋಡಿ ಜೋಡಿಯಾಗಿ ಬರುವುದರಿಂದ ಎಣಿಕೆ ಎರಡು, ನಾಲ್ಕು, ಆರು, ಎಂಟು ಎಂದೇ ನಡೆಯಬೇಕು. ಪಾಣಿನಿಯ ಕಾಲದ ಲೆಕ್ಕವು ಎರಡು ಸಾವಿರ ವರ್ಷಗಳಿಗೂ ಮೀರಿ ನಮ್ಮ ಸಂತೆಯಲ್ಲಿ ನಡೆದು ಬಂದಿದೆ. ಹಲ್ಲಿನ ಲೆಕ್ಕ ಉಳಿಯಿತು, ಇಣಿಯ ಲೆಕ್ಕ ಹೋಯಿತು. ಹಲ್ಲು ಸುಳ್ಳು ಹೇಳುವುದು ಕಡಿಮೆ, ಇಣಿಯಾದರೋ ಮೇವಿನ ಮೇಲೆ ಏರುತ್ತದೆ, ಇಳಿಯುತ್ತದೆ ಎಂಬುದು ಅದಕ್ಕೆ ಕಾರಣವಿದ್ದೀತು ಎಂದು ನನ್ನ ಊಹೆ.

ಈಗ ಕಾಕುತ್ಸ್ಥನ ಕಥೆ. ಇಕ್ಷ್ವಾಕುವಿನ ವಂಶದಲ್ಲಿ ಪುರಂಜಯನೆಂಬ ಅರಸನಿದ್ದ. ದೇವಾಸುರರ ಯುದ್ಧದಲ್ಲಿ ಸೋತ ದೇವತೆಗಳು ಅವನ ಸಹಾಯವನ್ನು ಬೇಡಿದರು. "ಇಂದ್ರನು ನನ್ನನ್ನು ಹೆಗಲ ಮೇಲೆ ಹೊರುವುದಾದರೆ ಬರುತ್ತೇನೆ" ಎಂದು ಅವನು ಹೇಳಿದನಂತೆ. ದೇವರಾಜನಿಗೆ ಬೇರೆ ಮಾರ್ಗವಿರಲಿಲ್ಲ. ಅವನು ದೊಡ್ಡ ಎತ್ತಿನ ರೂಪವನ್ನು ತಾಳಿದ. ಪುರಂಜಯನು ಅದರ ಕಕುದದ ಮೇಲೆ ಕುಳಿತು ಅಸುರರನ್ನು ಗೆದ್ದ. ಕಕುದಿನ ಮೇಲೆ ಇದ್ದವನು ಕಕುತ್ಸ್ಥ. ಅವನ ವಂಶದಲ್ಲಿ ಹುಟ್ಟಿದವನು ಕಾಕುತ್ಸ್ಥ. ಮೊದಲ ಸ್ವರವು ದೀರ್ಘವಾದುದೇ ವಂಶದ ಗುರುತು. ರಘುವಿನ ವಂಶದವನು ರಾಘವ, ಕುರುವಿನ ವಂಶದವನು ಕೌರವ ಆದ ಹಾಗೆ. ವಿಷ್ಣುಪುರಾಣ ಮತ್ತು ಭಾಗವತಗಳಲ್ಲಿ ಈ ಕಥೆಯಿದೆ. ವಾಲ್ಮೀಕಿ ರಾಮಾಯಣದ ಬಾಲಕಾಂಡದ ವಂಶಾವಳಿಯಲ್ಲಾದರೋ ಕಕುತ್ಸ್ಥನು ಭಗೀರಥನ ಮಗ, ರಘುವಿನ ತಂದೆ. ಪುರಾಣಗಳ ಲೆಕ್ಕಕ್ಕೆ ಇದು ತಾಳೆಯಾಗುವುದಿಲ್ಲ. ವಂಶಾವಳಿಯ ಜಗಳವನ್ನು ಪಂಡಿತರಿಗೆ ಬಿಡೋಣ. ಕಾಳಿದಾಸನು ರಘುವಂಶದ 6ನೆಯ ಸರ್ಗದಲ್ಲಿ, ಇಂದುಮತಿಯ ಸ್ವಯಂವರದ ಸಂದರ್ಭದಲ್ಲಿ, ಈ ಕಕುತ್ಸ್ಥನನ್ನು ಪರಿಚಯಿಸುವಾಗ ಅವನನ್ನು ಅರಸರ ಪಾಲಿನ ಕಕುದವೆಂದೇ ಕರೆದಿದ್ದಾನೆ. ಎತ್ತಿನ ಮೈಯಲ್ಲಿ ಎಲ್ಲಕ್ಕಿಂತ ಎತ್ತರದ್ದು ಇಣಿ; ಆದ್ದರಿಂದ ಅರಸರ ನಡುವೆ ಎಲ್ಲರಿಗಿಂತ ಎತ್ತರದವನೂ ಇಣಿ. ಅಮರಕೋಶವು ಕಕುದ ಶಬ್ದಕ್ಕೆ ಶ್ರೇಷ್ಠತೆ, ರಾಜಚಿಹ್ನೆ, ಎತ್ತಿನ ಅಂಗ ಎಂದು ಮೂರು ಅರ್ಥಗಳನ್ನು ಹೇಳುತ್ತದೆ. ಹೆಗಲಿನಿಂದ ಸಿಂಹಾಸನದವರೆಗೆ ಒಂದೇ ಮಾತು.

ಹುಡುಗನಿಗೆ ಕಥೆ ಬಹಳ ಹಿಡಿಸಿತು. ಇಂದ್ರನು ಎತ್ತಾದನೆಂಬುದೇ ಅವನಿಗೆ ಮುಖ್ಯ. ನನಗೆ ಮುಖ್ಯವಾದದ್ದು ಮುಂದಿನ ಸಂಗತಿ.

ಹಾಸನ ಜಿಲ್ಲೆಯ ಬೇಲೂರು ತಾಲೂಕಿನ ಹಲ್ಮಿಡಿ ಎಂಬ ಹಳ್ಳಿಯಲ್ಲಿ 1936ರಲ್ಲಿ ಮೈಸೂರಿನ ಪುರಾತತ್ತ್ವ ಇಲಾಖೆಯ ಡಾಕ್ಟರ್ ಎಂ. ಎಚ್. ಕೃಷ್ಣ ಅವರು ಒಂದು ಕಲ್ಲನ್ನು ಕಂಡುಹಿಡಿದರು. ಹದಿನಾರು ಸಾಲಿನ ಆ ಬರಹವನ್ನು ಸುಮಾರು ಕ್ರಿ. ಶ. 450ರದೆಂದು ನಿರ್ಣಯಿಸಿ ಕನ್ನಡದ ಮೊದಲ ಶಾಸನವೆಂದು ಬಹುಕಾಲ ಎಣಿಸುತ್ತ ಬಂದೆವು. ತಾಳಗುಂದದ ಸಿಂಹಕಟಾಂಜನದ ಬರಹವು ಅದಕ್ಕೂ ಹಿಂದಿನದೆಂದು ಈಚೆಗೆ ವಾದಿಸುವವರಿದ್ದಾರೆ. ಅದೇನೇ ಇರಲಿ, ಹಲ್ಮಿಡಿಯ ಕಲ್ಲಿನಲ್ಲಿ ವಿಷ್ಣುಸ್ತುತಿಯ ತರುವಾಯ ಕನ್ನಡದಲ್ಲಿ ಬರುವ ಅರಸನ ಹೆಸರು ಯಾವುದು? ಕದಂಬ ಕುಲದ ಕಕುಸ್ಥ! ನಡುವಿನ ತಕಾರವು ಜಾರಿ, ನಾಲಗೆಗೆ ಹಗುರವಾಗಿ, ಕಕುತ್ಸ್ಥನು ಕಕುಸ್ಥನಾಗಿದ್ದಾನೆ. ಕನ್ನಡದ ಬರಹವು ಕಣ್ಣು ತೆರೆದ ಕಾಲದಲ್ಲಿಯೇ ಎತ್ತಿನ ಇಣಿಯು ಅರಸನ ಹೆಸರಿನೊಳಗೆ ಸೇರಿ ಕಲ್ಲಿನ ಮೇಲೆ ಕುಳಿತಿತು.

ಈ ಕಾಕುಸ್ಥವರ್ಮನು ಬನವಾಸಿಯ ಕದಂಬರಲ್ಲಿ ಪ್ರಬಲನಾದ ಅರಸು. ಅವನ ಹೆಣ್ಣುಮಕ್ಕಳು ಗುಪ್ತರ ಹಾಗೂ ಇತರ ರಾಜಕುಲಗಳ ಸೊಸೆಯಂದಿರಾದರೆಂದು ತಾಳಗುಂದದ ಸ್ತಂಭಶಾಸನವು ತಿಳಿಸುತ್ತದೆ. ಅಲ್ಲಿಯ ಶಿವಾಲಯದ ಬಳಿಯಲ್ಲಿ ಅವನು ಕೆರೆಯನ್ನು ಕಟ್ಟಿಸಿದ ಸಂಗತಿಯನ್ನು ಅವನ ಮಗ ಶಾಂತಿವರ್ಮನ ಕಾಲದಲ್ಲಿ ಸಂಸ್ಕೃತ ಪದ್ಯಗಳಲ್ಲಿ ಕೆತ್ತಲಾಯಿತು. ಆ ಪದ್ಯಗಳನ್ನು ರಚಿಸಿದ ಕವಿಯ ಹೆಸರು ಕುಬ್ಜ. ಕುಬ್ಜನೆಂದರೆ ಗೂನುಬೆನ್ನಿನವನು. ಅದು ಅವನ ನಿಜವಾದ ಮೈಕಟ್ಟಿನ ಗುರುತೋ, ಕೇವಲ ಹೆಸರೋ, ಕಲ್ಲು ಹೇಳುವುದಿಲ್ಲ. ಇಣಿಯ ಹೆಸರಿನ ಅರಸನನ್ನು ಗೂನಿನ ಹೆಸರಿನ ಕವಿ ಹಾಡಿದ್ದಾನೆಂಬುದು ಮಾತ್ರ ನಿಜ. ಶಿವಮೊಗ್ಗ ಜಿಲ್ಲೆಯ ಕಡೆಗೆ ಯಾತ್ರೆ ಹೋಗುವ ನಮ್ಮವರು ತಾಳಗುಂದದ ಆ ಕಂಬದ ಮುಂದೆ ಒಂದು ಗಳಿಗೆ ನಿಂತು ಬಂದರೆ ಚೆನ್ನು.

ಅರಸನ ಇಣಿಗೂ ಕವಿಯ ಗೂನಿಗೂ ಮಾತಿನ ನಂಟು ಇದೆಯೆಂದು ಹೇಳಿದವರಲ್ಲಿ ಯಾಸ್ಕನು ಬಹಳ ಹಿಂದಿನವನು. ಕಕುದ್‌ಗೆ ಕಕುಭ್ ಎಂಬ ಜೊತೆ ಶಬ್ದವಿದೆ. ಶಿಖರ, ದಿಕ್ಕು ಎಂದು ಅದರ ಅರ್ಥ. ತನ್ನ ನಿರುಕ್ತದಲ್ಲಿ ಯಾಸ್ಕನು ಈ ಕಕುಭ್ ಮತ್ತು ಕುಬ್ಜ ಎಂಬೆರಡನ್ನೂ ಜೊತೆಯಲ್ಲಿಟ್ಟು ಒಂದೇ ಧಾತುವಿನಿಂದ ಬಿಡಿಸಲು ಯತ್ನಿಸಿದ್ದಾನೆ. ವೇದದಲ್ಲಿ ಕಕುಭ್ ಎಂಬ ಛಂದಸ್ಸು ಉಂಟು. ಅದರ ಮೊದಲ ಪಾದಕ್ಕೆ 8 ಅಕ್ಷರ, ನಡುವಿನ ಪಾದಕ್ಕೆ 12, ಕೊನೆಯದಕ್ಕೆ ಮತ್ತೆ 8. ಪದ್ಯದ ನಡುವೆಯೇ ಇಣಿ! ಶಿಖರವನ್ನು ಸೂಚಿಸುವ ಲ್ಯಾಟಿನಿನ ಕಕೂಮೆನ್ ಎಂಬ ಮಾತನ್ನೂ ಭಾಷಾಶಾಸ್ತ್ರಜ್ಞರು ಇದರೊಡನೆ ಹೋಲಿಸಿದ್ದಾರೆ. ಮೂರು ಶಿಖರಗಳ ಬೆಟ್ಟಕ್ಕೆ ತ್ರಿಕಕುತ್ ಎಂಬ ರೂಪವನ್ನು ಪಾಣಿನಿಯು ಮೊದಲು ಹೇಳಿದ ಸೂತ್ರದ ಮಗ್ಗುಲಲ್ಲಿಯೇ, 147ನೆಯದರಲ್ಲಿ, ವಿಧಿಸುತ್ತಾನೆ. ಅಥರ್ವವೇದವು ಹೊಗಳುವ ಕಣ್ಣಿನ ಅಂಜನವು ಆ ತ್ರಿಕಕುದದಿಂದಲೇ ಬರುತ್ತಿತ್ತು. ಬೆಟ್ಟವನ್ನು ಕಂಡು ಎತ್ತನ್ನು ನೆನೆದರೋ, ಎತ್ತನ್ನು ಕಂಡು ಬೆಟ್ಟವನ್ನು ನೆನೆದರೋ?

ಮನುಷ್ಯ ಶರೀರಕ್ಕೂ ಈ ವಿಶೇಷಣವು ಬಂದಿದೆ. ಅಮರಕೋಶದಲ್ಲಿ ಸೊಂಟದ ಭಾಗಕ್ಕೆ ಕಟಿ, ಶ್ರೋಣಿ ಎಂಬ ಹೆಸರುಗಳ ಸಾಲಿನಲ್ಲಿಯೇ ಕಕುದ್ಮತಿ ಎಂದೂ ಇದೆ. ಅಕ್ಷರಶಃ ಇಣಿ ಉಳ್ಳದ್ದು ಎಂದಾಯಿತು. ಎರಡೂ ಮಗ್ಗುಲಿಗೆ ಉಬ್ಬಿ ನಿಂತ ನಿತಂಬಗಳನ್ನು ಕಂಡು ಇಟ್ಟ ಹೆಸರಿರಬೇಕು. ಅಲ್ಲಿಯ ಎರಡು ಕುಳಿಗಳಿಗೆ ಕುಕುಂದರ ಎಂದು ಹೆಸರು. ಸುಶ್ರುತನು ಇವನ್ನು ಮರ್ಮಸ್ಥಾನಗಳಲ್ಲಿ ಎಣಿಸಿ, ಅಲ್ಲಿ ಪೆಟ್ಟಾದರೆ ಶರೀರದ ಕೆಳಭಾಗದಲ್ಲಿ ಸ್ಪರ್ಶವೂ ಚಲನೆಯೂ ತಪ್ಪುವುದೆಂದು ಎಚ್ಚರಿಸಿದ್ದಾನೆ. ಆದರೆ ಅದೇ ಉಬ್ಬು ಮನುಷ್ಯನ ಬೆನ್ನಿನ ಮೇಲೆ ಬಂದರೆ ಅದನ್ನು ಯಾರೂ ಕಕುದವೆನ್ನಲಿಲ್ಲ. ಕುಬ್ಜ, ಗೂನು ಎಂದರು. ಮಂಥರೆಯನ್ನು ಆ ಹೆಸರಿನಿಂದಲೇ ಹಂಗಿಸಿದರು. ಎತ್ತಿಗೆ ಹೆಮ್ಮೆಯಾದುದು ಮನುಷ್ಯನಿಗೆ ಹಂಗಾಯಿತು. ನಮ್ಮ ಕಡೆ ಡುಬ್ಬ ಎಂಬ ಒಂದೇ ಮಾತನ್ನು ಬೆನ್ನಿಗೂ ಗೂನಿಗೂ ಇಣಿಗೂ ಬಳಸುವಾಗ ಈ ಭೇದವೆಲ್ಲ ಕರಗಿಹೋಗುತ್ತದೆ.

ಪುರಾಣದಲ್ಲಿ ಕಕುದ್ಮಿ ಎಂಬ ಅರಸನೂ ಇದ್ದಾನೆ: ಕುಶಸ್ಥಲಿಯ ರೈವತ ಕಕುದ್ಮಿ, ರೇವತಿಯ ತಂದೆ. ಮಗಳಿಗೆ ವರನನ್ನು ಕೇಳಲು ಬ್ರಹ್ಮಸಭೆಗೆ ಹೋಗಿ, ಹಿಂದಿರುಗುವಷ್ಟರಲ್ಲಿ ಇಲ್ಲಿ ಯುಗಗಳೇ ಕಳೆದುಹೋಗಿದ್ದವು. ಕೊನೆಗೆ ಅವಳನ್ನು ಬಲರಾಮನಿಗೆ ಕೊಟ್ಟ. ನೇಗಿಲು ಹಿಡಿದ ಅಳಿಯನಿಗೆ ಇಣಿಯ ಹೆಸರಿನ ಮಾವ; ಒಕ್ಕಲುತನದ ಮನೆಗೆ ಇದಕ್ಕಿಂತ ಒಳ್ಳೆಯ ಬೀಗತನ ಇನ್ನೆಲ್ಲಿ?

ಈ ಅಂಗದ ಉಪಯೋಗವೇನು ಎಂಬುದನ್ನೂ ಹೇಳಬೇಕು. ಒಂಟೆಯ ಡುಬ್ಬದಲ್ಲಿರುವುದು ಕೊಬ್ಬು. ನಮ್ಮ ದನಗಳ ಇಣಿಯಾದರೋ ಹೆಚ್ಚಾಗಿ ಸ್ನಾಯು. ಹೆಗಲ ಮೂಳೆಗಳನ್ನು ಬೆನ್ನಿಗೆ ಹಿಡಿದಿಡುವ ಸ್ನಾಯುವೇ ಬೆಳೆದು ಮೇಲೆದ್ದದ್ದು, ನಡುನಡುವೆ ಕೊಬ್ಬು. ಹೋರಿಗೆ ದೊಡ್ಡದು, ಹಸುವಿಗೆ ಚಿಕ್ಕದು; ಎಳವೆಯಲ್ಲಿ ಬೀಜ ಒಡೆಸಿದ ಎತ್ತಿಗೆ ಹೋರಿಯಷ್ಟು ಬೆಳೆಯುವುದಿಲ್ಲ. ಯುರೋಪಿನ ದನಗಳಿಗೆ ಇದು ಇಲ್ಲ. 1758ರಲ್ಲಿ ಲಿನೇಯಸ್ ಎಂಬ ಸ್ವೀಡನ್ನಿನ ವಿದ್ವಾಂಸನು ಇಣಿಯುಳ್ಳ ದನಗಳನ್ನು ಬೇರೆಯೇ ಜಾತಿಯೆಂದು ಗುರುತಿಸಿ ಬಾಸ್ ಇಂಡಿಕಸ್ ಎಂದು ಹೆಸರಿಟ್ಟನು. ಅಂದರೆ ಜಗತ್ತಿನ ಲೆಕ್ಕದಲ್ಲಿ ಇಣಿಯೇ ಭಾರತದ ದನದ ಗುರುತು. ಸಿಂಧೂ ಕಣಿವೆಯ ಮುದ್ರೆಗಳಲ್ಲಿ ನಾಲ್ಕು ಸಾವಿರ ವರ್ಷಗಳಿಗೂ ಹಿಂದೆ ಕೆತ್ತಿದ ಹೋರಿಗಳ ಇಣಿಯನ್ನು ನೋಡಿ. ನಮ್ಮೂರ ಹನುಮಂತ ದೇವರ ಗುಡಿಯ ಮುಂದೆ ಹಾಯುವ ಹೋರಿಯೇ ಅದು. 19ನೆಯ ಶತಮಾನದಿಂದ 1960ರ ದಶಕದವರೆಗೆ ಓಂಗೋಲು, ಗೀರ್, ಕಾಂಕ್ರೇಜ್ ದನಗಳನ್ನು ಬ್ರೆಜಿಲ್ ದೇಶಕ್ಕೆ ಒಯ್ದರು. ಅಲ್ಲಿಯ ಜನರಿಗೆ ಇಣಿ ಹೊಸದು, ಹೆಸರು ಇರಲಿಲ್ಲ. ಅವರು ಅದನ್ನು ಕುಪಿಂ ಎಂದರು. ಅವರ ಮಾತಿನಲ್ಲಿ ಅದು ಗೆದ್ದಲಿನ ಹೆಸರು. ಹುತ್ತ ಕಂಡಿರಬೇಕು ಅವರಿಗೆ.

ನೊಗಕ್ಕೂ ಇಣಿಗೂ ಇರುವ ಸಂಬಂಧ ಒಕ್ಕಲಿಗರಿಗೆ ಗೊತ್ತಿದ್ದದ್ದೇ. ನಮ್ಮಲ್ಲಿ ನೊಗವು ಇಣಿಯ ಮುಂದೆ ಕುಳಿತು, ಎತ್ತು ಜಗ್ಗಿದಾಗ ಅದಕ್ಕೆ ಆತು ನಿಲ್ಲುತ್ತದೆ. ಇಣಿ ಇಲ್ಲದ ಕೊರಳ ಮೇಲೆ ಈ ನೊಗ ನಿಲ್ಲದೆ ಹಿಂದಕ್ಕೆ ಜಾರುತ್ತದೆ. ಹಾಲಿನ ಆಸೆಗೆ ಜರ್ಸಿ, ಹೋಲ್‌ಸ್ಟೀನ್ ಬೀಜವನ್ನು ಕೊಡಿಸಿದ ಹಸುಗಳು ಗಂಡುಗರು ಹಾಕಿದಾಗ ರೈತರು ಮುಖ ಸಣ್ಣದು ಮಾಡುವುದು ಇದಕ್ಕಾಗಿಯೇ. ಹಾಲಿನ ಲೆಕ್ಕ ತಪ್ಪೆಂದು ನಾನು ಹೇಳಲಾರೆ; ಮನೆಯಲ್ಲಿ ಮಕ್ಕಳಿಗೆ ಹಾಲು ಬೇಕು, ಡೇರಿಯ ದುಡ್ಡೂ ಬೇಕು. ಆದರೆ ಆ ಕರುವು ಎಷ್ಟು ವಯಸ್ಸಾದರೂ ಬಹುಪಾಲು ಅಸಂಜಾತಕಕುತ್ ಆಗಿಯೇ ಉಳಿಯುತ್ತದೆ. ಬಾಲ್ಯಕ್ಕೆಂದು ಮಾಡಿದ ವಿಶೇಷಣವು ಜೀವನವಿಡೀ ಅಂಟಿಕೊಳ್ಳಬಹುದೆಂದು ಕಾಶಿಕಾಕಾರರು ಕನಸಿನಲ್ಲಿಯೂ ಎಣಿಸಿರಲಾರರು.

ನಮ್ಮ ದೇವಣಿಯ ತಳಿಯು ಹಾಲಿಗೂ ಹೂಟಿಗೂ ಎರಡಕ್ಕೂ ಹೆಸರಾದದ್ದು. ವಾನೇರ, ಬಾಲಂಕ್ಯಾ, ಶೇವೇರ ಎಂದು ಅದರಲ್ಲಿ ಮೂರು ಬಗೆ. ವಾನೇರದ ಮೈ ಬಿಳಿ, ಮುಖದ ಮಗ್ಗುಲು ಕಪ್ಪು. ಹೆಸರು ಕೇಳಿದರೆ ಮುಸುವನ ಮೋರೆ ನೆನಪಾಗುತ್ತದೆ. ಶೇವೇರದ ಬಿಳಿಯ ಮೈ ಮೇಲೆ ಕರಿಯ ಮಚ್ಚೆಗಳು ಚದರಿರುತ್ತವೆ. ಬಾಲಂಕ್ಯಾ ಬಹುತೇಕ ಪೂರ್ತಿ ಬಿಳಿ. ಕಾಶಿಕೆಯ ಶ್ವೇತಕಕುದನನ್ನು ಕಾಣಬೇಕೆಂದವರು ನಮ್ಮೂರಿಗೆ ಬಂದು ಬಾಲಂಕ್ಯಾ ಹೋರಿಯನ್ನು ನೋಡಬಹುದು. ಗೀರ್ ಮತ್ತು ಡಾಂಗಿ ತಳಿಗಳು ಇಲ್ಲಿಯ ನಾಡ ದನದೊಡನೆ ಕೂಡಿ ಈ ತಳಿ ಆಯಿತೆಂದು ತಿಳಿದವರು ಹೇಳುತ್ತಾರೆ. ಉದಗೀರ, ನಿಲಂಗಾ, ಅಹಮದಪುರ ತಾಲೂಕುಗಳು 1956ರವರೆಗೆ ಬೀದರ ಜಿಲ್ಲೆಯಲ್ಲಿಯೇ ಇದ್ದವು. ರಾಜ್ಯಗಳನ್ನು ಮರುವಿಂಗಡಿಸಿದಾಗ ಅವು ಉಸ್ಮಾನಾಬಾದಿಗೆ ಸೇರಿ, 1982ರಲ್ಲಿ ಲಾತೂರು ಜಿಲ್ಲೆಯಾದಾಗ ಅದರೊಳಗೆ ಬಂದವು. ಗೆರೆ ಬಿದ್ದದ್ದು ನಕ್ಷೆಯ ಮೇಲೆ. ದೇವಣಿ ದನ ಇಂದಿಗೂ ಬೀದರ, ಕಲಬುರ್ಗಿಗಳ ಹೊಲದಲ್ಲಿಯೂ ಇದೆ. ಉದಗೀರದ ಪಶುವೈದ್ಯಕೀಯ ಕಾಲೇಜಿನಲ್ಲಿ ಅದನ್ನು ಮರಾಠಿಯಲ್ಲಿ ಕರೆಯುತ್ತಾರೆ, ಬೀದರಿನ ಪಶುವೈದ್ಯಕೀಯ ವಿಶ್ವವಿದ್ಯಾನಿಲಯದಲ್ಲಿ ಕನ್ನಡದಲ್ಲಿ.

ಶ್ರಾವಣದ ಅಮಾವಾಸ್ಯೆಗೆ ಈಚೆಯ ಕಡೆ ಪೋಳಾ ಬರುತ್ತದೆ. ಆಚೆಯ ಕಡೆ ಜ್ಯೇಷ್ಠದಲ್ಲಿಯೇ ಕಾರಹುಣ್ಣಿವೆ ಮುಗಿದಿರುತ್ತದೆ. ಪೋಳಾದ ಹಿಂದಿನ ಸಂಜೆ ಎತ್ತುಗಳ ಹೆಗಲಿಗೆ ಅರಿಷಿಣ, ತುಪ್ಪ ಇಲ್ಲವೆ ಎಣ್ಣೆ ಹಚ್ಚಿ ತಿಕ್ಕುವ ಪದ್ಧತಿಗೆ ಮರಾಠಿಯಲ್ಲಿ ಖಾಂದೇಮಳಣಿ ಎನ್ನುವರು. ವರ್ಷವೆಲ್ಲ ನೊಗ ಹೊತ್ತ ಜಾಗಕ್ಕೆ ಒಂದು ಸಂಜೆಯ ಉಪಚಾರ. ಆ ಹೊತ್ತಿನಲ್ಲಿಯೇ ಎತ್ತಿಗೆ ಮರುದಿನದ ಊಟದ ಆಮಂತ್ರಣವನ್ನೂ ಕೊಡುವ ವಾಡಿಕೆಯಿದೆ. ಈ ಸಲ ನೆರೆಮನೆಯಲ್ಲಿ ಈ ಕೆಲಸಕ್ಕೆ ನಮ್ಮ ಹುಡುಗನೂ ಸೇರಿಕೊಂಡಿದ್ದ. ಅರಿಷಿಣದ ಕೈಯನ್ನು ಹೋರಿಯ ಹೆಗಲ ಮೇಲಿಟ್ಟು ಗೆಳೆಯನಿಗೆ, "ಇದು ವಶಿಂಡ, ನಮ್ಮ ಕಡೆ ಇಣಿ, ರಾಮನ ಮುತ್ಯಾ ಇದರ ಮ್ಯಾಲ ಕೂತಿದ್ದ" ಎಂದು ಮರಾಠಿ ಕನ್ನಡ ಕಲಸಿ ಹೇಳುತ್ತಿದ್ದ. ಮುತ್ಯಾ ಎಂದರೆ ಎಷ್ಟನೆಯ ತಲೆಯ ಮುತ್ಯಾ ಎಂದು ನಾನು ತಿದ್ದಲು ಹೋಗಲಿಲ್ಲ.

ಉಮರ್ಗಾ, ನಿಲಂಗಾ, ಉದಗೀರ ತಾಲೂಕುಗಳ ನಮ್ಮ ಮನೆಗಳಲ್ಲಿ ಇಣಿಗೆ ಇನ್ನೂ ಬೇರೆ ಹೆಸರುಗಳು ಇದ್ದರೆ ಪತ್ರಿಕೆಗೆ ಬರೆದು ತಿಳಿಸಬೇಕು. ಊರಿನ ಹೆಸರನ್ನೂ, ಆ ಮಾತನ್ನು ಆಡಿದವರ ವಯಸ್ಸನ್ನೂ ಜೊತೆಗೆ ಬರೆಯಿರಿ. ಎತ್ತಿನ ಕೊರಳ ಕೆಳಗೆ ಜೋಲುವ ತೊಗಲಿಗೆ ನಿಮ್ಮ ಮನೆಯ ಹಿರಿಯರು ಏನೆನ್ನುತ್ತಾರೆಂಬುದನ್ನೂ ಕೇಳಿ ಇಟ್ಟುಕೊಳ್ಳಿ. ಮುಂದಿನ ತಿಂಗಳು ಅದರ ಸರದಿ.